ಶ್ರೀಮತಿ ಎಂ. ವಿ. ರಾಜಮ್ಮನವರ ಕಲಾಜೀವನ

(ತಿರುಮಕೂಡಲು ನರಸೀಪುರದಲ್ಲಿ ನೀಡಿದ ದತ್ತಿ ಉಪನ್ಯಾಸ)



ಕಾವೇರಿಯೂ ಕಪಿಲೆಯೂ ಕೂಡುವ ಈ ಕ್ಷೇತ್ರದಲ್ಲಿ, ಗುಂಜಾ ನರಸಿಂಹಸ್ವಾಮಿಯ ಆಲಯವಿರುವ ಈ ಊರಿನಲ್ಲಿ, ರಂಗಭೂಮಿಯಿಂದ ಬೆಳ್ಳಿತೆರೆಗೆ ಬಂದು ನಟಿಯಾಗಿ ಕೀರ್ತಿ ಗಳಿಸಿದುದಲ್ಲದೆ ಸ್ವಂತ ಹೊಣೆಯಲ್ಲಿ ಚಿತ್ರವನ್ನು ನಿರ್ಮಿಸಿ ತೋರಿಸಿದ ಒಬ್ಬ ಕನ್ನಡ ಮಹಿಳೆಯ ಜೀವನವನ್ನು ಕುರಿತು ಮಾತನಾಡುವ ಅವಕಾಶ ನನಗೆ ದೊರೆತಿದೆ. ದತ್ತಿ ಉಪನ್ಯಾಸಗಳಲ್ಲಿ ಕವಿಗಳನ್ನೂ ಶಾಸ್ತ್ರಜ್ಞರನ್ನೂ ದಿವಾನರನ್ನೂ ಸ್ಮರಿಸುವ ಸಂಪ್ರದಾಯ ನಮ್ಮಲ್ಲಿ ಬಲವಾಗಿದೆ. ಬಣ್ಣ ಹಚ್ಚಿ ಬದುಕಿದವರಿಗೆ, ಅದರಲ್ಲಿಯೂ ಹೆಂಗಸರಿಗೆ, ಆ ಗೌರವ ಸಂದುದು ವಿರಳ. ವಿಷಯದ ಆಯ್ಕೆಯನ್ನು ತಾವು ನನಗೇ ಬಿಟ್ಟಾಗ ಎಂ. ವಿ. ರಾಜಮ್ಮನವರ ಹೆಸರು ನನ್ನ ಮನಸ್ಸಿಗೆ ಬಂದುದಕ್ಕೆ ಇದೊಂದು ಕಾರಣ.

ಇನ್ನೊಂದು ಕಾರಣವೂ ಉಂಟು. ನಮ್ಮ ಜನ ರಾಜಮ್ಮನವರನ್ನು ಮರೆತಿಲ್ಲ. ಆದರೆ ಅವರನ್ನು ಸ್ಮರಿಸುವಾಗಲೆಲ್ಲ ಬಿಳಿಗೂದಲಿನ, ಶಾಂತಮುಖದ, ಕಣ್ಣಂಚಿನಲ್ಲಿ ನೀರು ತುಂಬಿಕೊಂಡ ತಾಯಿಯನ್ನೇ ಸ್ಮರಿಸುವರು. ಆ ಸ್ಮರಣೆ ನ್ಯಾಯವಾದುದೇ, ಆದರೂ ಅಪೂರ್ಣವಾದುದು. ಕನ್ನಡದಲ್ಲಿ ಚಿತ್ರ ನಿರ್ಮಾಣದ ಭಾರವನ್ನು ಹೊತ್ತ ಪ್ರಥಮ ಮಹಿಳೆ ಅವರೆಂಬ ಸಂಗತಿಯನ್ನು ನಮ್ಮ ಚಲನಚಿತ್ರ ಚರಿತ್ರೆಯವರು ಒಂದು ವಾಕ್ಯದಲ್ಲಿ ಹೇಳಿ ಮುಂದೆ ಹೋಗುವುದುಂಟು. ಆ ಒಂದು ವಾಕ್ಯವೇ ರಾಜಮ್ಮನವರ ಜೀವನದ ಕೇಂದ್ರವೆಂದೂ, ಅವರ ನಟನೆಗೆ ನಾವು ಕೊಟ್ಟ ಮನ್ನಣೆ ಅವರ ನಿರ್ಮಾಣಕ್ಕೂ ಸಲ್ಲಬೇಕೆಂದೂ ತಮ್ಮ ಮುಂದೆ ಪ್ರತಿಪಾದಿಸುವುದೇ ಈ ಉಪನ್ಯಾಸದ ಉದ್ದೇಶ.

೧

ರಾಜಮ್ಮನವರು ಬೆಂಗಳೂರಿನ ಸೀಮೆಯವರು. ಇಪ್ಪತ್ತನೆಯ ಶತಮಾನದ ಮೂರನೆಯ ದಶಕದ ಆರಂಭದಲ್ಲಿ ಹುಟ್ಟಿದವರು. ಅವರು ಎಳೆಯ ವಯಸ್ಸಿನಲ್ಲಿ ಕಾಲಿಟ್ಟ ರಂಗಭೂಮಿ ಎಂಥದೆಂಬುದನ್ನು ಇಂದಿನವರು ಊಹಿಸಿಕೊಳ್ಳುವುದು ಸುಲಭವಲ್ಲ. ಜಾತ್ರೆ ಪರಿಷೆಗಳನ್ನು ಅನುಸರಿಸಿ ಊರಿಂದೂರಿಗೆ ಎತ್ತಿನ ಗಾಡಿಗಳಲ್ಲಿ ಪರದೆಗಳನ್ನೂ ಪೆಟ್ಟಿಗೆಗಳನ್ನೂ ಸಾಗಿಸಿಕೊಂಡು ಹೋಗಿ, ತಗಡಿನ ಮರೆಕಟ್ಟಿ, ಮಣ್ಣಿನ ನೆಲದ ಮೇಲೆ ಹಲಗೆಯ ರಂಗವನ್ನು ಎಬ್ಬಿಸಿ, ಗ್ಯಾಸ್ ಲೈಟಿನ ಬೆಳಕಿನಲ್ಲಿ ರಾತ್ರಿಯೆಲ್ಲ ಆಡುತ್ತಿದ್ದ ಕಂಪೆನಿಗಳ ಕಾಲವದು. ಧ್ವನಿವರ್ಧಕವಿಲ್ಲದ ಆ ಗುಡಾರದಲ್ಲಿ ಕಾಲು ಹಾರ್ಮೋನಿಯಂನ ಏರುಶ್ರುತಿಗೆ ಕಂಠವನ್ನು ಹೊಂದಿಸಿ ಹಾಡಿದ ಕಂದಪದ್ಯವಾಗಲಿ ಮಟ್ಟಾಗಲಿ ನೆಲದ ಮೇಲೆ ಕುಳಿತ ಕಟ್ಟಕಡೆಯ ಪ್ರೇಕ್ಷಕನಿಗೆ ಕೇಳದಿದ್ದರೆ, ಆ ನಟನೂ ಇಲ್ಲ, ಆ ನಾಟಕವೂ ಇಲ್ಲ. ಇದೇ ಕ್ಷೇತ್ರದ ಪುತ್ರರಾದ ತಿರುಮಕೂಡಲು ಚೌಡಯ್ಯನವರು ಪಿಟೀಲಿನ ನಾಲ್ಕು ತಂತಿಗಳಿಗೆ ಇನ್ನು ಮೂರನ್ನು ಕೂಡಿಸಿ ಏಳು ತಂತಿಗಳ ವಾದ್ಯವನ್ನು ನುಡಿಸತೊಡಗಿದುದೂ ಸಭೆಯ ಕೊನೆಯ ಸಾಲಿಗೆ ನಾದ ಮುಟ್ಟಲೆಂಬ ಉದ್ದೇಶದಿಂದಲೇ ಎಂಬುದನ್ನು ಇಲ್ಲಿ ಸ್ಮರಿಸಬಹುದು.

ಹೆಣ್ಣು ಪಾತ್ರಗಳನ್ನು ಗಂಡಸರು ವಹಿಸುವ ಪದ್ಧತಿ ಇನ್ನೂ ಪೂರ್ತಿ ಅಳಿದಿರಲಿಲ್ಲ. ರಂಗವನ್ನೇರಿದ ಹೆಂಗಸಿಗೆ ರಾತ್ರಿಯ ಚಪ್ಪಾಳೆ ದೊರೆಯುತ್ತಿದ್ದಿತು, ಹಗಲಿನ ಮರ್ಯಾದೆ ದೊರೆಯುತ್ತಿರಲಿಲ್ಲ. ಗುಬ್ಬಿ ಕಂಪೆನಿಯ ಬಿ. ಜಯಮ್ಮನವರು, ನಿಮ್ಮ ನೆರೆಯ ಊರಿನ ಹೆಸರನ್ನು ತಮ್ಮ ಹೆಸರಿನೊಡನೆ ಕನ್ನಡನಾಡಿಗೆಲ್ಲ ಕೊಂಡೊಯ್ದ ಮಳವಳ್ಳಿ ಸುಂದರಮ್ಮನವರು, ಇಂಥವರು ತಮ್ಮ ಗಾನದಿಂದಲೂ ನಡೆಯಿಂದಲೂ ಆ ಅಪವಾದವನ್ನು ಕ್ರಮೇಣ ಕರಗಿಸುತ್ತಿದ್ದರು. ಚಂದ್ರಕಲಾ ನಾಟಕ ಮಂಡಳಿಯನ್ನು ಸೇರಿದ ರಾಜಮ್ಮನವರು ಈ ಪರಂಪರೆಗೆ ಸೇರಿದವರು; ಮುಂದಿನ ಜೀವನದುದ್ದಕ್ಕೂ ಕಲಾಸಹಚರರಾಗಿ ಉಳಿದ ಬಿ. ಆರ್. ಪಂತುಲು ಅವರ ಜೊತೆ ದೊರೆತುದೂ ಆ ಕಾಲದಲ್ಲಿಯೇ.

೨

ಕನ್ನಡದ ಮೊದಲ ವಾಕ್ಚಿತ್ರವಾದ 'ಸತಿ ಸುಲೋಚನಾ' ೧೯೩೪ರ ಮಾರ್ಚಿ ತಿಂಗಳಲ್ಲಿ ತೆರೆಕಂಡಿತಷ್ಟೆ. ಅದನ್ನು ತಯಾರಿಸಲು ನಮ್ಮವರು ಕೊಲ್ಹಾಪುರದವರೆಗೆ ಹೋಗಬೇಕಾಯಿತು. ಅದರ ಕಥೆ ಪುರಾಣದ್ದು. ಎರಡು ವರ್ಷಗಳ ತರುವಾಯ, ೧೯೩೬ರಲ್ಲಿ, ಮದರಾಸಿನ ದೇವಿ ಫಿಲಂಸ್ ಸಂಸ್ಥೆಗಾಗಿ ಎಚ್. ಎಲ್. ಎನ್. ಸಿಂಹ ಅವರು ತಮ್ಮದೇ ನಾಟಕವನ್ನಾಧರಿಸಿ ನಿರ್ದೇಶಿಸಿದ 'ಸಂಸಾರ ನೌಕೆ' ಬಂದಿತು. ಕಿರೀಟವಿಲ್ಲ, ಗದೆಯಿಲ್ಲ, ಆಕಾಶದಿಂದಿಳಿಯುವ ದೇವತೆಗಳಿಲ್ಲ; ಸುಂದರ ಸರಳೆಯರೆಂಬ ಸಾಮಾನ್ಯ ದಂಪತಿಗಳ ಕಷ್ಟಪರಂಪರೆಯೇ ವಸ್ತು. ಇದೇ ಕನ್ನಡದ ಪ್ರಥಮ ಸಾಮಾಜಿಕ ಚಿತ್ರ. ಪಂತುಲು ಅವರು ನಾಯಕರಾಗಿಯೂ ರಾಜಮ್ಮನವರು ನಾಯಿಕೆಯಾಗಿಯೂ ತೆರೆಯ ಮೇಲೆ ಮೊದಲು ಕಾಣಿಸಿಕೊಂಡುದು ಇದರಲ್ಲಿ.

ಹದಿಹರೆಯದ ಆ ನಾಟಕದ ಹುಡುಗಿಗೆ ಇದು ಎಂಥ ಪರೀಕ್ಷೆಯಾಗಿದ್ದಿರಬೇಕೆಂಬುದನ್ನು ಸ್ವಲ್ಪ ವಿಚಾರಿಸಿ. ಪುರಾಣಪಾತ್ರವನ್ನು ವಹಿಸುವ ನಟಿಗೆ ಸಂಪ್ರದಾಯವೇ ಅರ್ಧ ಕೆಲಸವನ್ನು ಮಾಡಿಕೊಟ್ಟಿರುತ್ತದೆ. ಸೀತೆಯ ದುಃಖವನ್ನು ಪ್ರೇಕ್ಷಕ ತನ್ನ ಮನೆಯಿಂದಲೇ ಹೊತ್ತು ತಂದಿರುತ್ತಾನೆ. ಸರಳೆಯೆಂಬ ಸೊಸೆಯ ದುಃಖವನ್ನಾದರೋ ಆತ ಮೊದಲ ಬಾರಿಗೆ ಕಾಣಬೇಕು, ಕಂಡು ನಂಬಬೇಕು. ಹಿನ್ನೆಲೆಗಾಯನ ಬಳಕೆಗೆ ಬಂದಿರದ ಆ ದಿನಗಳಲ್ಲಿ ಪಾತ್ರಧಾರಿಗಳು ಅಭಿನಯಿಸುತ್ತಲೇ ಹಾಡಬೇಕಾಗಿದ್ದಿತು. ಮಾತು ಮುದ್ರಿತವಾಗುವಾಗ ತಲೆಯ ಮೇಲಣ ಮೈಕಿನಿಂದ ಒಂದು ಹೆಜ್ಜೆ ಸರಿದರೆ ಧ್ವನಿ ಅಡಗುವುದು, ಗುಡಾರದ ಅಭ್ಯಾಸದಂತೆ ಏರುದನಿ ತೆಗೆದರೆ ಒಡೆಯುವುದು. ಕೊನೆಯ ಸಾಲಿಗೆ ಮುಟ್ಟಿಸಲು ಬೆಳೆಸಿಕೊಂಡ ಕಂಠವನ್ನು ಮೊಳದೂರದ ಯಂತ್ರಕ್ಕೆ ತಕ್ಕಂತೆ ತಗ್ಗಿಸಿ, ತೋಳೆತ್ತಿ ಮಾಡುತ್ತಿದ್ದ ಅಭಿನಯವನ್ನು ಕಣ್ಣಿನ ಒಂದು ಚಲನೆಗೆ ಸಂಕ್ಷೇಪಿಸುವ ವಿದ್ಯೆಯನ್ನು ಅಂದಿನ ಅನೇಕ ದೊಡ್ಡ ರಂಗನಟರು ಕೊನೆಯವರೆಗೂ ಸಾಧಿಸಲಿಲ್ಲ. ರಾಜಮ್ಮನವರು ಸಾಧಿಸಿದರು. ಅವರ ಮುಂದಿನ ಚಿತ್ರಗಳಲ್ಲಿ ನಾವು ಕಾಣುವ ಮಿತಭಾಷಿಯಾದ ಅಭಿನಯಕ್ಕೆ ಬುನಾದಿ ಬಿದ್ದುದು ಇಲ್ಲಿಯೇ.

ಆ ಸಾಧನೆಗೆ ನೆರೆಯ ತಮಿಳುನಾಡು ಶೀಘ್ರವಾಗಿ ಮನ್ನಣೆ ಕೊಟ್ಟಿತು. ೧೯೪೦ರಲ್ಲಿ ಸೇಲಂನ ಮಾಡರ್ನ್ ಥಿಯೇಟರ್ಸ್‌ನವರು ತಯಾರಿಸಿದ 'ಉತ್ತಮ ಪುತ್ತಿರನ್' ಚಿತ್ರದಲ್ಲಿ ದ್ವಿಪಾತ್ರಗಳನ್ನು ವಹಿಸಿದ ಪಿ. ಯು. ಚಿನ್ನಪ್ಪನವರಿಗೆ ರಾಜಮ್ಮನವರೇ ನಾಯಿಕೆ. ೧೯೪೧ರ 'ಗುಮಾಸ್ತಾವಿನ್ ಪೆಣ್' ಚಿತ್ರದಲ್ಲಿ ಟಿ. ಕೆ. ಎಸ್. ಸಹೋದರರೊಡನೆ ಅವರ ಅಭಿನಯ. ೧೯೪೮ರಲ್ಲಿ ಸಿಟಾಡಲ್ ಸಂಸ್ಥೆಯ 'ಜ್ಞಾನಸೌಂದರಿ'ಯಲ್ಲಿ ಟಿ. ಆರ್. ಮಹಾಲಿಂಗಂ ಅವರೊಡನೆ ಮುಖ್ಯಪಾತ್ರ. ಪರಭಾಷೆಯಲ್ಲಿ ಇಂಥ ಸ್ಥಾನ ದೊರೆತ ಕಲಾವಿದೆ ಅಲ್ಲಿಯೇ ನೆಲಸಿ ನೆಮ್ಮದಿಯಾಗಿರಬಹುದಾಗಿದ್ದಿತು. ಹಾಗಿರಲು ರಾಜಮ್ಮನವರು ಒಪ್ಪಲಿಲ್ಲವೆಂಬುದೇ ನನ್ನ ಮುಖ್ಯ ಪ್ರಸ್ತಾಪಕ್ಕೆ ಆಧಾರ.

೩

೧೯೪೩ರಲ್ಲಿ ಅವರು ವಿಜಯಾ ಫಿಲಂಸ್ ಎಂಬ ಸ್ವಂತ ಸಂಸ್ಥೆಯ ಹೆಸರಿನಲ್ಲಿ 'ರಾಧಾರಮಣ' ಎಂಬ ಕನ್ನಡ ಚಿತ್ರವನ್ನು ನಿರ್ಮಿಸಿದರು. ಆಗ ಅವರಿಗೆ ಇಪ್ಪತ್ತರ ಆಸುಪಾಸಿನ ಪ್ರಾಯ.

ಆ ವರ್ಷ ಎಂಥದು? ಎರಡನೆಯ ಮಹಾಯುದ್ಧ ಭರದಿಂದ ನಡೆಯುತ್ತಿದ್ದಿತು. ಹಿಂದಿನ ವರ್ಷವಷ್ಟೆ ಜಪಾನೀಯರ ಬಾಂಬಿನ ಭೀತಿಯಿಂದ ಮದರಾಸು ಪಟ್ಟಣ ಅರ್ಧ ಬರಿದಾಗಿ, ಸ್ಟುಡಿಯೋಗಳ ಕೆಲಸ ಅಸ್ತವ್ಯಸ್ತವಾಗಿದ್ದಿತು. ಹಡಗಿನಲ್ಲಿ ಬರಬೇಕಾದ ಕಚ್ಚಾ ಫಿಲ್ಮಿನ ಅಭಾವದಿಂದ ಸರ್ಕಾರ ಕಥಾಚಿತ್ರವೊಂದು ೧೧,೦೦೦ ಅಡಿಗಳನ್ನು ಮೀರಕೂಡದೆಂದು ಕಟ್ಟು ಮಾಡಿದ್ದಿತು. ಅಂದರೆ ಎರಡು ಗಂಟೆಗಳಿಗೆ ತುಸು ಹೆಚ್ಚು ಹೊತ್ತಿನ ಆಟ. ರಾತ್ರಿಯೆಲ್ಲ ನಡೆಯುವ ನಾಟಕಗಳಿಗೆ ಒಗ್ಗಿದ್ದ ಕಲಾವಿದರು ಕೃಷ್ಣಕಥೆಯನ್ನು ಆ ಅಳತೆಯೊಳಗೆ ಹಿಡಿಸಬೇಕಾಗಿದ್ದಿತು. ಮಾರುಕಟ್ಟೆಯ ಸ್ಥಿತಿಯಾದರೋ ಇನ್ನೂ ಶೋಚನೀಯ. ಕನ್ನಡ ಜನ ಮೈಸೂರು, ಮುಂಬಯಿ, ಹೈದರಾಬಾದು, ಮದರಾಸು, ಕೊಡಗು ಎಂದು ಬೇರೆ ಬೇರೆ ಆಡಳಿತಗಳಲ್ಲಿ ಹರಿದು ಹಂಚಿಹೋಗಿದ್ದರು. ವರ್ಷಕ್ಕೆ ಒಂದೋ ಎರಡೋ ಕನ್ನಡ ಚಿತ್ರಗಳು ಬಂದರೆ ಹೆಚ್ಚು, ಒಂದೂ ಬಾರದ ವರ್ಷಗಳೂ ಇದ್ದವು. ನಮ್ಮ ಪಟ್ಟಣಗಳ ಚಿತ್ರಮಂದಿರಗಳನ್ನು ಅನ್ಯಭಾಷೆಯ ಚಿತ್ರಗಳೇ ತುಂಬಿದ್ದವು.

ಇಂಥ ಕಾಲದಲ್ಲಿ ನಟಿಗೂ ನಿರ್ಮಾಪಕಿಗೂ ಇರುವ ಅಂತರವನ್ನು ಸ್ಪಷ್ಟವಾಗಿ ನೋಡಬೇಕು. ಚಿತ್ರ ಗೆಲ್ಲಲಿ ಸೋಲಲಿ ನಟಿಗೆ ತನ್ನ ಸಂಭಾವನೆ ಬರುತ್ತದೆ. ಸೋತ ಚಿತ್ರದ ಹೊರೆ ಆಕೆಯ ಮನೆಯ ಬಾಗಿಲಿಗೆ ಬರುವುದಿಲ್ಲ. ನಿರ್ಮಾಪಕಿ ದಿನಕ್ಕಿಷ್ಟೆಂದು ಸ್ಟುಡಿಯೋದ ಬಾಡಿಗೆಯನ್ನು ತೆರಬೇಕು, ಮಳೆ ಹಿಡಿದು ಕೆಲಸ ನಿಂತರೂ ತೆರಬೇಕು. ಬಣ್ಣದವನಿಂದ ಹಿಡಿದು ಸಂಗೀತಗಾರನವರೆಗೆ ಎಲ್ಲರ ಊಟ ವಸತಿಗಳ ಹೊಣೆ ಆಕೆಯದು. ಹಂಚಿಕೆದಾರ ಮುಂಗಡ ಕೊಡಲು ಹಿಂಜರಿದರೆ ಸಾಲ ಎತ್ತಬೇಕು, ಸಾಲಕ್ಕೆ ಒಡವೆಯನ್ನೋ ಹೆಸರನ್ನೋ ಒತ್ತೆಯಿಡಬೇಕು. ಹೆಣ್ಣಿನ ರುಜುವಿಗೆ ಬೆಲೆಯನ್ನೇ ಕಟ್ಟದ ವ್ಯಾಪಾರಿಗಳ ಮುಂದೆ ಕುಳಿತು ಕರಾರು ಮಾಡಿಕೊಳ್ಳಬೇಕು. ತಮಿಳಿನಲ್ಲಿ ಕೈತುಂಬ ಕೆಲಸವಿದ್ದಾಗ, ತಾನು ದುಡಿದುದನ್ನು ಲಾಭದ ಭರವಸೆಯಿಲ್ಲದ ತನ್ನ ತಾಯ್ನುಡಿಯ ಚಿತ್ರಕ್ಕೆ ತೊಡಗಿಸಿದ ಆ ತರುಣಿಯ ಧೈರ್ಯವನ್ನು ಸಾಹಸವೆಂದಷ್ಟೇ ಕರೆದರೆ ಸಾಲದು, ಅದರಲ್ಲಿ ಭಾಷಾಭಿಮಾನದ ಅತ್ಯುತ್ತಮ ರೂಪವೊಂದು ಇದೆಯೆಂದು ನನ್ನ ನಂಬಿಕೆ.

ಈ ಸೀಮೆಯ ಜನ ವಿಶೇಷವಾಗಿ ಹೆಮ್ಮೆಪಡಬೇಕಾದ ಎರಡು ಸಂಗತಿಗಳು ಈ ವರ್ಷಕ್ಕೆ ಸೇರಿವೆ. ಅದೇ ೧೯೪೩ರಲ್ಲಿ ತಿರುಮಕೂಡಲು ಚೌಡಯ್ಯನವರು ತಾವೂ ಹಣ ತೊಡಗಿಸಿ, ಕೆ. ಹಿರಣ್ಣಯ್ಯನವರ ನಿರ್ದೇಶನದಲ್ಲಿ 'ವಾಣಿ' ಚಿತ್ರವನ್ನು ತಂದರು. ಪಂಡರಿಬಾಯಿಯವರು ಮೊದಲು ತೆರೆಗೆ ಬಂದುದು ಅದರಲ್ಲಿ. ಸಂಗೀತಕ್ಷೇತ್ರದ ಒಬ್ಬ ಮಹಾವಿದ್ವಾಂಸರೂ ರಂಗಭೂಮಿಯ ಒಬ್ಬ ತರುಣ ನಟಿಯೂ ಒಂದೇ ವರ್ಷ ಒಂದೇ ಬಗೆಯ ಸಾಹಸಕ್ಕೆ ಕೈಹಾಕಿದರೆಂದರೆ, ಕನ್ನಡ ಚಿತ್ರವನ್ನು ಅಂದು ಉಳಿಸಿದವರು ಧನಿಕರಲ್ಲ, ಕಲಾವಿದರೇ ಎಂಬುದಕ್ಕೆ ಬೇರೆ ಸಾಕ್ಷಿ ಬೇಕಾಗಿಲ್ಲ.

ಎರಡನೆಯದು ನಂಜನಗೂಡಿಗೆ ಸಂಬಂಧಿಸಿದುದು. ೧೯೧೭ರಲ್ಲಿ ಅಲ್ಲಿ ಹುಟ್ಟಿ, ಬಾಲ್ಯದಲ್ಲಿಯೇ ಗುಬ್ಬಿ ಕಂಪೆನಿಯನ್ನು ಸೇರಿದ ಗಣಪತಿ ವೆಂಕಟರಮಣ ಅಯ್ಯರ್, ಅಂದರೆ ನಮ್ಮೆಲ್ಲರ ಜಿ. ವಿ. ಅಯ್ಯರ್ ಅವರು, ಚಿತ್ರಜಗತ್ತಿಗೆ ಪ್ರವೇಶಿಸಿದುದು 'ರಾಧಾರಮಣ'ದ ಮೂಲಕ. ಹಾಸ್ಯನಟರಾಗಿಯೂ ಖಳರಾಗಿಯೂ ಮೂರು ತಲೆಮಾರುಗಳನ್ನು ರಂಜಿಸಿದ ಟಿ. ಎನ್. ಬಾಲಕೃಷ್ಣ ಅವರ ಪ್ರಥಮ ಚಿತ್ರವೂ ಅದೇ. ಕನ್ನಡ ಚಿತ್ರೋದ್ಯಮ ಬಡಕಲಾಗಿದ್ದಾಗ ಕಲಾವಿದರೇ ಒಂದುಗೂಡಿ ೧೯೬೦ರಲ್ಲಿ 'ರಣಧೀರ ಕಂಠೀರವ'ವನ್ನು ನಿರ್ಮಿಸಿದರಲ್ಲ, ಆ ಒಕ್ಕೂಟದಲ್ಲಿ ರಾಜಕುಮಾರ್ ಮತ್ತು ನರಸಿಂಹರಾಜು ಅವರೊಡನೆ ನಿಂತ ಇನ್ನಿಬ್ಬರು ಇವರೇ, ಅಯ್ಯರ್ ಮತ್ತು ಬಾಲಕೃಷ್ಣ. ಮುಂದೆ ಅಯ್ಯರ್ ಅವರು, ನಂಜನಗೂಡಿನ ಶ್ರೋತ್ರಿಯರ ಮನೆತನವನ್ನು ವಸ್ತುವಾಗುಳ್ಳ ಭೈರಪ್ಪನವರ ಕಾದಂಬರಿ 'ವಂಶವೃಕ್ಷ'ವನ್ನು ಚಿತ್ರವಾಗಿ ನಿರ್ಮಿಸಿದುದನ್ನೂ, ೧೯೭೫ರಲ್ಲಿ 'ಹಂಸಗೀತೆ'ಯನ್ನೂ ೧೯೮೩ರಲ್ಲಿ ಸಂಸ್ಕೃತ ಭಾಷೆಯ ಮೊದಲ ಚಿತ್ರವಾದ 'ಆದಿ ಶಂಕರಾಚಾರ್ಯ'ವನ್ನೂ ನಿರ್ದೇಶಿಸಿದುದನ್ನೂ ತಾವೆಲ್ಲ ಬಲ್ಲಿರಿ. ಅಂಥ ಪ್ರತಿಭೆಗೆ ಮೊದಲ ಬಾಗಿಲನ್ನು ತೆರೆದ ಸಂಸ್ಥೆ ಒಬ್ಬ ಹೆಂಗಸಿನದು. ಒಂದು ಚಿತ್ರದ ಫಲವನ್ನು ಅದು ತಂದ ಹಣದಿಂದಷ್ಟೇ ಅಳೆಯುವವರು ಈ ಲೆಕ್ಕವನ್ನೂ ಬರೆದುಕೊಳ್ಳಬೇಕು.

೪

ಸ್ವಾತಂತ್ರ್ಯಾನಂತರ ಪಂತುಲು ಅವರು ಪದ್ಮಿನಿ ಪಿಕ್ಚರ್ಸ್ ಸಂಸ್ಥೆಯನ್ನು ಕಟ್ಟಿ ಕನ್ನಡ ತಮಿಳುಗಳೆರಡರಲ್ಲಿಯೂ ಮಹತ್ತ್ವದ ಚಿತ್ರಗಳನ್ನು ತೆಗೆದರು. ಆ ಸಂಸ್ಥೆಯ ಚಿತ್ರಗಳಲ್ಲಿ ರಾಜಮ್ಮನವರ ಪ್ರೌಢ ಅಭಿನಯವನ್ನು ನಾವು ಕಾಣಬಹುದು. ಇವುಗಳಲ್ಲಿ ಎರಡನ್ನು ಮಾತ್ರ ಪರಾಮರ್ಶಿಸುವೆನು.

೧೯೫೮ರ 'ಸ್ಕೂಲ್ ಮಾಸ್ಟರ್' ಚಿತ್ರದಲ್ಲಿ ಪಂತುಲು ಅವರು ಉಪಾಧ್ಯಾಯರು, ರಾಜಮ್ಮನವರು ಅವರ ಧರ್ಮಪತ್ನಿ. ಊರ ಮಕ್ಕಳಿಗೆಲ್ಲ ಅಕ್ಷರ ಕಲಿಸಿದ ಮೇಷ್ಟರನ್ನು ನಿವೃತ್ತಿಯ ತರುವಾಯ ಸ್ವಂತ ಮಕ್ಕಳೇ ಹೊರೆಯೆಂದು ಭಾವಿಸುತ್ತಾರೆ. ತಂದೆಯನ್ನು ಒಬ್ಬನೂ ತಾಯಿಯನ್ನು ಇನ್ನೊಬ್ಬನೂ ಹಂಚಿಕೊಂಡು, ಬಾಳೆಲ್ಲ ಕೂಡಿದ್ದ ದಂಪತಿಗಳನ್ನು ಮುಪ್ಪಿನಲ್ಲಿ ಅಗಲಿಸುತ್ತಾರೆ. ಈ ಅಗಲಿಕೆಯ ಸನ್ನಿವೇಶದಲ್ಲಿ ಅತ್ತು ಕರೆಯುವುದು ಅತ್ಯಂತ ಸುಲಭವಾದ ದಾರಿ. ಪ್ರೇಕ್ಷಕರೂ ಅದಕ್ಕೆ ಸಿದ್ಧರಾಗಿಯೇ ಕುಳಿತಿರುತ್ತಾರೆ. ರಾಜಮ್ಮನವರು ಆ ದಾರಿಯನ್ನು ಹಿಡಿಯಲಿಲ್ಲ. ಗಂಡನ ಮನಸ್ಸು ನೊಂದೀತೆಂಬ ಅಂಜಿಕೆಯಿಂದ ತನ್ನ ನೋವನ್ನು ಹಿಂದಕ್ಕೆ ತಳ್ಳಿ, ಮಕ್ಕಳ ತಪ್ಪನ್ನು ಅವನೆದುರು ಮುಚ್ಚಲೆತ್ನಿಸುವ ನಮ್ಮ ಹಳೆಯ ಗೃಹಿಣಿಯ ಸಂಕೋಚವನ್ನು ಅವರು ತಗ್ಗಿದ ದನಿಯಲ್ಲಿ, ತಡೆತಡೆದು ಬರುವ ಮಾತಿನಲ್ಲಿ ಮೂಡಿಸಿರುವರು. ಆ ಚಿತ್ರದ ಕಥೆ ಹಿಂದಿ, ತೆಲುಗು, ಮಲೆಯಾಳ ಮೊದಲಾದ ಭಾಷೆಗಳಿಗೆ ಹೋಯಿತೆಂಬುದು ಅದರ ವಸ್ತು ಎಷ್ಟು ಸಾರ್ವತ್ರಿಕವೆಂಬುದಕ್ಕೆ ನಿದರ್ಶನ.

ಎರಡನೆಯದು ೧೯೬೪ರ ತಮಿಳು ಚಿತ್ರ 'ಕರ್ಣನ್'. ಶಿವಾಜಿ ಗಣೇಶನ್ ಅವರು ಕರ್ಣ, ಎನ್. ಟಿ. ರಾಮರಾಯರು ಕೃಷ್ಣ, ರಾಜಮ್ಮನವರು ಕುಂತಿ. ಮಗನೆಂದು ಒಪ್ಪಿಕೊಳ್ಳಲಾರದೆ ಬಿಟ್ಟವನ ಬಳಿಗೆ, ಉಳಿದ ಮಕ್ಕಳ ಪ್ರಾಣವನ್ನು ಬೇಡಲು ಹೋಗುವ ತಾಯಿಯ ಪಾತ್ರಕ್ಕಿಂತ ಕಠಿನವಾದುದು ಮಹಾಭಾರತದಲ್ಲಿ ಹೆಚ್ಚಿಲ್ಲ. ಅವಳು ಕರುಣೆಗೂ ಪಾತ್ರಳು, ಆಕ್ಷೇಪಣೆಗೂ ಪಾತ್ರಳು. ಈ ಎರಡರಲ್ಲಿ ಒಂದನ್ನೂ ಬಿಟ್ಟುಕೊಡದೆ ಪಾತ್ರವನ್ನು ನಡೆಸಿದುದರಲ್ಲಿ, ಕಂಪೆನಿ ನಾಟಕಗಳ ಪುರಾಣಸಂಸ್ಕಾರವೂ 'ಸಂಸಾರ ನೌಕೆ'ಯಲ್ಲಿ ಕಲಿತ ಲೌಕಿಕ ಸಂಯಮವೂ ಒಂದಾಗಿ ಸೇರಿರುವುದನ್ನು ಕಾಣಬಹುದು. ಪಂತುಲು ಅವರು ೧೯೭೪ರಲ್ಲಿ ತೀರಿಕೊಂಡರು. ರಾಜಮ್ಮನವರು ಶತಮಾನದ ಕೊನೆಯ ವರ್ಷಗಳವರೆಗೂ ಬದುಕಿದ್ದರು.

೫

ಇನ್ನು ರಾಜಮ್ಮನವರ ಸ್ಥಾನವನ್ನು ವಿಶಾಲವಾದ ಚರಿತ್ರೆಯಲ್ಲಿಟ್ಟು ನೋಡೋಣ. ಅಮೆರಿಕದಲ್ಲಿ ನಟಿ ಮೇರಿ ಪಿಕ್‌ಫೋರ್ಡ್ ೧೯೧೯ರಲ್ಲಿಯೇ ಚಾಪ್ಲಿನ್ ಮೊದಲಾದವರೊಡನೆ ಯುನೈಟೆಡ್ ಆರ್ಟಿಸ್ಟ್ಸ್ ಸಂಸ್ಥೆಯ ಪಾಲುಗಾರಳಾದಳು. ಮುಂಬಯಿಯಲ್ಲಿ, ಉರ್ದು ರಂಗಭೂಮಿಯಿಂದ ಮೂಕಿಚಿತ್ರಕ್ಕೆ ಬಂದ ಫಾತ್ಮಾ ಬೇಗಂ ೧೯೨೬ರಲ್ಲಿ ಚಿತ್ರವನ್ನು ನಿರ್ದೇಶಿಸಿದರು. ತಮಿಳಿನ ಪ್ರಥಮ ವಾಕ್ಚಿತ್ರದ ನಾಯಿಕೆಯಾದ ಟಿ. ಪಿ. ರಾಜಲಕ್ಷ್ಮಿಯವರು, ಅವರೂ ರಂಗನಟಿಯೇ, ತಮ್ಮದೇ ಕಾದಂಬರಿಯನ್ನು ೧೯೩೬ರಲ್ಲಿ 'ಮಿಸ್ ಕಮಲಾ' ಎಂಬ ಚಿತ್ರವಾಗಿ ಮಾಡಿದರು. ನಟಿ ಭಾನುಮತಿಯವರು ೧೯೫೩ರಲ್ಲಿ 'ಚಂಡೀರಾಣಿ'ಯನ್ನು ಮೂರು ಭಾಷೆಗಳಲ್ಲಿ ನಿರ್ದೇಶಿಸಿದರು. ಇವರೆಲ್ಲರಿಗೂ ಸಾಮಾನ್ಯವಾದ ಒಂದು ಅಂಶವುಂಟು: ಅವರಿಗೆ ಕುಲದ ಹಣವಾಗಲಿ ವಿಶ್ವವಿದ್ಯಾನಿಲಯದ ಪದವಿಯಾಗಲಿ ಆಧಾರವಾಗಿರಲಿಲ್ಲ, ಪ್ರೇಕ್ಷಕರು ಕೊಟ್ಟ ಹೆಸರೇ ಮೂಲಧನವಾಗಿದ್ದಿತು. ಆ ಮೂಲಧನವನ್ನು ಸುಖಕ್ಕೆ ವ್ಯಯಿಸದೆ ಸ್ವಾತಂತ್ರ್ಯಕ್ಕೆ ವ್ಯಯಿಸಿದರು.

ಆದರೆ ನಾನು ಹೆಚ್ಚಾಗಿ ಮೆಚ್ಚುವ ಹೋಲಿಕೆ ದೂರದ್ದಲ್ಲ. ೧೮೮೭ರಲ್ಲಿ ನಂಜನಗೂಡಿನಲ್ಲಿ ಹುಟ್ಟಿ, ಎಳೆತನದಲ್ಲಿಯೇ ವೈಧವ್ಯವನ್ನನುಭವಿಸಿ, ಮನೆಯಲ್ಲಿಯೇ ವಿದ್ಯೆ ಕಲಿತು, ೧೯೧೩ರಲ್ಲಿ 'ಸತೀಹಿತೈಷಿಣಿ' ಗ್ರಂಥಮಾಲೆಯನ್ನೂ ೧೯೧೭ರಲ್ಲಿ 'ಕರ್ನಾಟಕ ನಂದಿನಿ' ಮಾಸಪತ್ರಿಕೆಯನ್ನೂ ಆರಂಭಿಸಿದ ನಂಜನಗೂಡು ತಿರುಮಲಾಂಬಾ ಅವರು ಕಾದಂಬರಿಗಳನ್ನು ಬರೆದುದು ದೊಡ್ಡದು. ಬರೆದುದನ್ನು ತಾವೇ ಪ್ರಕಟಿಸಿ ಓದುಗರಿಗೆ ಮುಟ್ಟಿಸಿದುದು ಅದಕ್ಕಿಂತಲೂ ದೊಡ್ಡದು. ಬರೆಯುವ ಹೆಣ್ಣು ಪ್ರಕಾಶಕರ ಕೃಪೆಗಾಗಿ ಕಾಯಬೇಕು. ಪ್ರಕಟಿಸುವ ಹೆಣ್ಣು ಇತರರಿಗೂ ಆಶ್ರಯವಾಗಬಲ್ಲಳು. ತಿರುಮಲಾಂಬಾ ಅವರು ಮುದ್ರಣದಲ್ಲಿ ಸಾಧಿಸಿದುದನ್ನು ಮೂವತ್ತು ವರ್ಷಗಳ ತರುವಾಯ ರಾಜಮ್ಮನವರು ಚಿತ್ರದಲ್ಲಿ ಸಾಧಿಸಿದರು. ೧೯೫೮ರಲ್ಲಿ ಸ್ತ್ರೀ ನಾಟಕ ಮಂಡಳಿಯನ್ನು ಕಟ್ಟಿ, ಹೆಂಗಸರಿಂದಲೇ ಎಲ್ಲ ಪಾತ್ರಗಳನ್ನೂ ಮಾಡಿಸಿ, ತಾವೇ ಕಂಸನೂ ಭೀಮನೂ ಆಗಿ ರಂಗದ ಮೇಲೆ ಗರ್ಜಿಸಿದ ಆರ್. ನಾಗರತ್ನಮ್ಮನವರೂ ಇದೇ ಸಾಲಿಗೆ ಸೇರತಕ್ಕವರು.

ಈ ಸಾಲು ಮುಂದುವರಿಯಿತೆ? ಮುಂದುವರಿಯಿತು, ಆದರೆ ಬಹು ನಿಧಾನವಾಗಿ. ರಂಗಭೂಮಿಯಲ್ಲಿ ವಸ್ತ್ರವಿನ್ಯಾಸದಿಂದ ಮಕ್ಕಳ ನಾಟಕಗಳವರೆಗೆ ದುಡಿದಿದ್ದ ಪ್ರೇಮಾ ಕಾರಂತರು ಎಂ.ಕೆ. ಇಂದಿರಾ ಅವರ 'ಫಣಿಯಮ್ಮ' ಕಾದಂಬರಿಯನ್ನು ತೆರೆಗೆ ತಂದಾಗ 'ರಾಧಾರಮಣ' ಬಂದು ನಾಲ್ವತ್ತು ವರ್ಷಗಳಾಗಿದ್ದವು. ಬಾಲವಿಧವೆಯೊಬ್ಬಳ ಆ ಕಥೆಯನ್ನು ಹೆಣ್ಣೊಬ್ಬಳು ಬರೆದು ಹೆಣ್ಣೊಬ್ಬಳು ನಿರ್ದೇಶಿಸಿದುದರಿಂದ ಅದರಲ್ಲಿ ಕಂಡ ಗಾಂಭೀರ್ಯ ಕನ್ನಡ ಚಿತ್ರಕ್ಕೆ ಹೊಸದು. ಅದರಲ್ಲಿ ಫಣಿಯಮ್ಮನಾದ ಎಲ್. ವಿ. ಶಾರದಾ ಅವರು ಅಯ್ಯರ್ ಅವರ 'ವಂಶವೃಕ್ಷ'ದ ಕಾತ್ಯಾಯನಿಯೂ ಹೌದು. ಮೊದಲ ನಿರ್ಮಾಪಕಿಯಿಂದ ಈ ನಿರ್ದೇಶಕಿಯವರೆಗಿನ ನಾಲ್ವತ್ತು ವರ್ಷಗಳಲ್ಲಿ ನಮ್ಮಲ್ಲಿ ಪ್ರತಿಭಾವಂತ ನಟಿಯರು ಎಷ್ಟೋ ಮಂದಿ ಬಂದರು. ಅವರ ಕಣ್ಣೀರಿಗೆ ನಾವು ಟಿಕೀಟು ಕೊಂಡೆವು. ಅವರ ಅಭಿಪ್ರಾಯಗಳನ್ನು ಕೇಳಲಿಲ್ಲ, ಅವರ ಕೈಗೆ ಬಂಡವಾಳವನ್ನು ಕೊಡಲಿಲ್ಲ. ಆ ನಷ್ಟ ಅವರದಷ್ಟೇ ಅಲ್ಲ, ಕನ್ನಡದ್ದು.

೬

ಮಹನೀಯರೆ, ಆ ಕಾಲದ ಕನ್ನಡ ಚಿತ್ರಗಳಲ್ಲಿ ಬಹುಪಾಲು ಇಂದು ನೋಡಲು ದೊರೆಯುವುದಿಲ್ಲ. ಅಂದಿನ ನೈಟ್ರೇಟ್ ಫಿಲ್ಮು ಬೆಂಕಿಗೆ ಬೇಗ ಈಡಾಗುವಂಥದು, ತೇವಕ್ಕೆ ತಾನಾಗಿಯೇ ಕೊಳೆಯುವಂಥದು. ಪುಣೆಯಲ್ಲಿ ರಾಷ್ಟ್ರೀಯ ಚಲನಚಿತ್ರ ಭಂಡಾರ ಸ್ಥಾಪಿತವಾದ ೧೯೬೪ರ ವೇಳೆಗೆ ಎಷ್ಟೋ ಚಿತ್ರಗಳು ನಾಶವಾಗಿಹೋಗಿದ್ದವು. ಉಳಿದಿರುವುದು ಚಿತ್ರಮಂದಿರಗಳಲ್ಲಿ ಕಾಸಿಗೋ ಆಣೆಗೋ ಮಾರುತ್ತಿದ್ದ ಪದ್ಯಾವಳಿಗಳು, ಕಂಪೆನಿಗಳ ಕರಪತ್ರಗಳು, ಹಳೆಯ ಭಾವಚಿತ್ರಗಳು, ಮತ್ತು ವೃದ್ಧರ ನೆನಪು. ಇವೂ ದಿನದಿನಕ್ಕೆ ಕ್ಷಯಿಸುತ್ತಿವೆ.

ಆದುದರಿಂದ ನನ್ನ ವಿಜ್ಞಾಪನೆ ಇಷ್ಟು. ಚೌಡಯ್ಯನವರನ್ನೂ ತಿರುಮಲಾಂಬಾ ಅವರನ್ನೂ ಅಯ್ಯರ್ ಅವರನ್ನೂ ನಾಡಿಗೆ ಕೊಟ್ಟ ನರಸೀಪುರ ನಂಜನಗೂಡುಗಳೆಂಬ ಈ ಎರಡು ತಾಲ್ಲೂಕುಗಳ ಮನೆಗಳಲ್ಲಿ, ಅಟ್ಟದ ಮೇಲಿನ ಪೆಟ್ಟಿಗೆಗಳಲ್ಲಿ, ಇಂಥ ಒಂದು ಪದ್ಯಾವಳಿಯೋ ಕರಪತ್ರವೋ ಇದ್ದರೆ ಅದನ್ನು ರದ್ದಿಗೆ ಹಾಕದೆ ನಿಮ್ಮ ಊರಿನ ಗ್ರಂಥಾಲಯಕ್ಕೆ ಒಪ್ಪಿಸಿ. ಗುಡಾರದ ನಾಟಕಗಳನ್ನು ನೋಡಿದ ಹಿರಿಯರು ಇನ್ನೂ ನಮ್ಮೊಡನಿರುವಾಗ ಅವರ ಮಾತುಗಳನ್ನು ಬರೆದಿಟ್ಟುಕೊಳ್ಳುವ ಕೆಲಸಕ್ಕೆ ಕಾಲೇಜಿನ ವಿದ್ಯಾರ್ಥಿಗಳನ್ನು ಹಚ್ಚಿ. ಈ ದತ್ತಿಯ ಮುಂದಿನ ಉಪನ್ಯಾಸವೊಂದನ್ನು ಕನ್ನಡದ ಯುವ ನಿರ್ದೇಶಕಿಯೊಬ್ಬರಿಂದ ಕೊಡಿಸಿ. ರಾಜಮ್ಮನವರಿಗೆ ಸಲ್ಲಬೇಕಾದ ಗೌರವ ಶಾಲುಹಾರಗಳಲ್ಲಿಲ್ಲ. ಅವರು ಇಪ್ಪತ್ತರ ಪ್ರಾಯದಲ್ಲಿ ಏಕಾಂಗಿಯಾಗಿ ಹೊತ್ತ ಭಾರವನ್ನು ಇಂದಿನ ಹೆಣ್ಣುಮಕ್ಕಳು ಹೊರಲು ಮುಂದೆ ಬಂದಾಗ ಊರು ಅವರ ಬೆನ್ನಿಗೆ ನಿಲ್ಲುವುದರಲ್ಲಿದೆ.